ಅಣಬಿವಾಡಿಯ ಕೂಡದ ಎಳೆಗಳು

ಸ್ಟೇಷನ್ ರಸ್ತೆಯ ನನ್ನ ಹೊಲಿಗೆ ಅಂಗಡಿಗೆ ಬೀಗ ಹಾಕಿ ಶನಿವಾರ ಟಿಕೋಟಾ ಬಸ್ಸು ಹತ್ತಿದಾಗ ಬಿಸಿಲು ಆಗಲೇ ಚುರುಗುಟ್ಟುತ್ತಿತ್ತು. ಜೊತೆಗಿದ್ದವಳು ರೇಣುಕಾ. ಐದಾರು ವರ್ಷದಿಂದ ನನ್ನಲ್ಲಿ ಹೊಲಿಯುತ್ತಾಳೆ; ವಾರವಿಡೀ ವಿಜಯಪುರದ ಬಾಡಿಗೆ ಕೋಣೆಯಲ್ಲಿದ್ದು ರವಿವಾರಕ್ಕೆ ಊರಿಗೆ ಹೋಗುತ್ತಾಳೆ. ಊರು ಅಣಬಿವಾಡಿ. ಅಲ್ಲಿ ಮನೆ ಕಟ್ಟುವುದಿಲ್ಲ, ಜೋಳದ ಒಣದಂಟಿನ ಕಣಿಕೆಯ ಮೇಲೆ ಅಣಬೆ ಬಿತ್ತಿ ಮನೆಯನ್ನೇ ಬೆಳೆಸುತ್ತಾರೆ ಎಂದು ಸುತ್ತಲಿನವರಿಗೆಲ್ಲ ಗೊತ್ತು, ಒಳಗೆ ಹೋಗಿ ನೋಡಿದವರು ಕಡಿಮೆ. ಮರುದಿನ ರೇಣುಕಾ ಮತ್ತು ಅವಳು ಮೆಚ್ಚಿದ ಅದೇ ಊರಿನ ಗೌತಮನ ಎಳೆ ತೆರೆಯುವುದಿತ್ತು; ಇಬ್ಬರ ಮನೆಯ ಅಣಬೆಯ ಬೇರಿನಂಥ ಎಳೆಗಳನ್ನು ಒಂದೇ ಹರಿವಾಣದಲ್ಲಿ ಎದುರುಬದುರು ಮುಚ್ಚಿಟ್ಟು, ಕೂಡಿದವೋ ಎಂದು ನೋಡುವ ಶಾಸ್ತ್ರ. ಎಳೆ ಕೂಡಿದರೆ ಮದುವೆ. ಅದಕ್ಕೆ ನನ್ನನ್ನು ಕರೆದಿದ್ದಳು.

ಬಸ್ಸು ಹೆಂಗಸರಿಗೆ ಉಚಿತ. ಟಿಕೋಟಾದಲ್ಲಿ ಚಹಾ ಕುಡಿದು, ಬಬಲೇಶ್ವರದ ಕಡೆ ಹೋಗುವ ಟೆಂಪೋದಲ್ಲಿ ತಲೆಗೆ ಮೂವತ್ತು ರೂಪಾಯಿಗೆ ಕೂತೆವು. ಎರಡೂ ಬದಿಗೆ ದ್ರಾಕ್ಷಿ ತೋಟ, ನಡುನಡುವೆ ಒಣದ್ರಾಕ್ಷಿಯ ಶೆಡ್ಡು. ಒಂದು ಬೇವಿನ ಮರದ ಹತ್ತಿರ ಇಳಿದೆವು. ಡ್ರೈವರ್ ದುಡ್ಡು ಎಣಿಸದೆಯೇ ಜೇಬಿಗೆ ಹಾಕಿಕೊಂಡು, ಆ ಊರಾಗ ರಾತ್ರಿ ಒಳಗ ಮಲಗಬ್ಯಾಡ್ರಿ ಎಂದು ನನಗೆ ಹೇಳಿ ಹೋದ. ಅಲ್ಲಿಂದ ಎರೆಹೊಲದ ದಾರಿಯಲ್ಲಿ ಸ್ವಲ್ಪ ದೂರ ನಡೆದೆವು.

ಮನೆಗಳು ಬೆಂದ ರೊಟ್ಟಿಯ ಬಣ್ಣದವು, ಮೂಲೆಗಳಿಲ್ಲದ ಗುಂಡು ಗೋಡೆಗಳು. ರೇಣುಕಾ ಅಂಗೈಯಿಟ್ಟ ಮೇಲೆ ಬಾಗಿಲಿನ ತೊಗಲಿನಂಥ ಪದರ ಮೆಲ್ಲಗೆ ಸರಿಯಿತು. ಒಳಗೆ ಮಣ್ಣಿನ ಕೊಡದಷ್ಟು ತಂಪು, ಹುಳಿ ಬಂದ ಹಿಟ್ಟಿನ ವಾಸನೆ. ಬೋರಿನ ಸವುಳು ನೀರನ್ನು ಗೋಡೆಯ ನೆತ್ತಿಗೆ ಸುರಿದರೆ ಬೆಳಗಾಗುವಷ್ಟರಲ್ಲಿ ಬುಡದಲ್ಲಿ ಸಿಹಿಯಾಗಿ ಇಳಿಯುತ್ತದಂತೆ. ಸಂಜೆ ಗೋಡೆಯ ಗೂಡುಗಳಲ್ಲಿ ತೆಳು ಹಸಿರು ಬೆಳಕು ತಾನಾಗಿ ಮೂಡಿತು. ಆ ಬೆಳಕಿನಲ್ಲೇ ರೇಣುಕಾಳ ಅವ್ವ ಪುಂಡಿಪಲ್ಯ, ರೊಟ್ಟಿ ಬಡಿಸಿದಳು. ನೆಲದಡಿ ಎಲ್ಲ ಮನೆಯ ಎಳೆಗಳೂ ಒಂದಕ್ಕೊಂದು ಹೆಣೆದಿವೆ, ಆದರೆ ಒಂದೇ ಗೋಡೆಯಾಗಿ ಬೆಸೆಯುವುದು ಕೆಲವು ಮಾತ್ರ. ಬೆಳಕು, ನೀರು, ಸುದ್ದಿ ಎಲ್ಲ ಅದರಲ್ಲೇ ಹರಿಯುತ್ತವೆ. ರೇಣುಕಾ ಬಂದದ್ದು ಗೌತಮನಿಗೆ ತನ್ನ ಮನೆಯ ಹೊಸ್ತಿಲು ಉಬ್ಬಿದ್ದರಿಂದಲೇ ತಿಳಿದಿತ್ತು.

ಗೌತಮ ಊರಿನ ಗೋಡೆಗಳಿಗೆ ಉಣಿಸುವವನು. ಬೆಲ್ಲದ ನೀರು, ತೌಡು ಹೊತ್ತು ದಿನವೂ ಮನೆಮನೆ ತಿರುಗುತ್ತಾನೆ. ಕಡಿಮೆ ಮಾತಿನ ಹುಡುಗ. ಇಬ್ಬರ ತಾಯಂದಿರ ಮನೆಗಳ ನಡುವೆ ಹೊಸ ಮನೆಗೆ ತಾನೇ ಅಗೆದ ಬುನಾದಿಯನ್ನು ನನಗೆ ತೋರಿಸಿದ. ಕೂಡುತ್ತದೆಂಬ ನಂಬಿಕೆಯಲ್ಲಿ ಮೊದಲೇ ಕಣಿಕೆ ತುಂಬಿ, ಒಂದು ತುದಿಗೆ ಅವಳ ಮನೆಯ ಎಳೆ, ಇನ್ನೊಂದು ತುದಿಗೆ ತನ್ನ ಮನೆಯದು ಊರಿದ್ದ. ಅಡುಗೆಯ ಕಡೆ ಗಾಳಿ ಹೆಂಗ ಬರತೈತಿ ಅಂತ ನಿಂತು ನೋಡ್ರಿ ಎಂದು ನನ್ನನ್ನು ಆ ಖಾಲಿ ಜಾಗದಲ್ಲಿ ನಿಲ್ಲಿಸಿದ. ಗಾಳಿ ಚೆನ್ನಾಗಿಯೇ ಬರುತ್ತಿತ್ತು.

ನಾನು ಅಂಗಳದಲ್ಲಿ ಹೊರಸಿನ ಮೇಲೆ ಮಲಗಿದೆ. ಹೊರಗಿನವರ ಉಸಿರು ಗೋಡೆಗೆ ಒಗ್ಗುವುದಿಲ್ಲ, ನಾಲ್ಕು ರಾತ್ರಿ ಒಳಗೆ ಮಲಗಿದರೆ ಎದೆ ಬಿಗಿದು ಕೆಮ್ಮು ಹತ್ತುತ್ತದೆ ಎಂದರು.

ರವಿವಾರ ಬೆಳಿಗ್ಗೆ ಊರೆಲ್ಲ ಸೇರಿತು. ಯಲ್ಲವ್ವ ಎಂಬ ಹಿರಿಯಳು ಕಟ್ಟಿಗೆಯ ಹರಿವಾಣದ ಮೇಲೆ ಬೋರಲಿಟ್ಟಿದ್ದ ಮಡಕೆ ಎತ್ತಿದಳು. ಎರಡು ಕಡೆಯಿಂದ ಬೆಳ್ಳಗೆ ಹಬ್ಬಿದ ಎಳೆಗಳು ನಡುವೆ ಎದುರಾಗಿದ್ದವು. ಎದುರಾದಲ್ಲಿ ಇದ್ದಿಲಿನಿಂದ ಎಳೆದಂತೆ ಒಂದು ಕಪ್ಪು ಗೆರೆ. ಚಳಿಗಾಲದಲ್ಲಿ ಒಮ್ಮೆ ಇಟ್ಟಾಗಲೂ ಹೀಗೇ ಆಗಿತ್ತಂತೆ. ಇದು ಎರಡನೆಯದು, ಮೂರನೆಯದಕ್ಕೆ ಅಲ್ಲಿ ಅವಕಾಶವಿಲ್ಲ.

“ಕೂಡಿಲ್ಲವ್ವಾ,” ಎಂದಳು ಯಲ್ಲವ್ವ. “ಇದರಾಗ ಯಾರದೂ ತಪ್ಪಿಲ್ಲ.”

ಒಬ್ಬರದೇ ಎಳೆಯಿಂದ ಮನೆ ಬೆಳೆಸಬಾರದೇ ಎಂದು ನಾನು ಕೇಳಿದೆ. ಅಂಥ ಮನೆಯಲ್ಲಿ ಇನ್ನೊಬ್ಬರು ಕೊನೆತನಕ ಕೆಮ್ಮುತ್ತ ಇರಬೇಕಾಗುತ್ತದೆ, ಎರಡನ್ನೂ ಬೆಳೆಸಿದರೆ ಮೊದಲ ಮಳೆಗೇ ಗೆರೆಯುದ್ದಕ್ಕೂ ಗೋಡೆ ಸೀಳುತ್ತದೆ ಎಂದು ಆಕೆ ಸಮಾಧಾನದಿಂದ ತಿಳಿಸಿದಳು. ಗೌತಮನ ಅವ್ವ ರೇಣುಕಾಳ ತಲೆ ನೇವರಿಸಿ ಒಳಗೆ ಹೋದಳು. ಬೈಯುವುದಕ್ಕೂ ಯಾರೂ ಇರಲಿಲ್ಲ. ಹಟ ಹಿಡಿದ ಅಪ್ಪನೋ ಜಾತಿಯ ಹಿರಿಯರೋ ಅಡ್ಡ ಬಂದಿದ್ದರೆ ನಾನು ನಾಲ್ಕು ಮಾತಾಡಿ ಬರುತ್ತಿದ್ದೆ. ಎರಡೂ ಮನೆಯವರು ಮಾಡಿದ ಹೋಳಿಗೆ ಹಾಗೇ ಉಳಿಯಿತು.

ಮಧ್ಯಾಹ್ನ ಇಬ್ಬರೂ ಬುನಾದಿಯ ಅಂಚಿನಲ್ಲಿ ಕೂತಿದ್ದರು. ರೇಣುಕಾ ನನ್ನನ್ನೂ ಕರೆದು ಕೂರಿಸಿಕೊಂಡಳು.

“ವಿಜಯಪುರಕ್ಕ ನಡಿ,” ಎಂದಳು ಅವನಿಗೆ. “ಇಟ್ಟಂಗಿ ಮನಿ ಯಾರ ಎಳಿ ಅಂತ ಕೇಳೂದಿಲ್ಲ.”

ಅಂಗಡಿಯ ಮೇಲಿನ ಕೋಣೆ ಖಾಲಿಯಿದೆ, ಕೆಲಸವನ್ನೂ ಹುಡುಕಬಹುದು ಎಂದು ನಾನೂ ಸೇರಿಸಿದೆ. ಅವನು ಬುನಾದಿಯಿಂದ ಹೊರಗೆ ಬಿದ್ದಿದ್ದ ಕಣಿಕೆಯೊಂದನ್ನು ಒಳಗೆ ಸರಿಸಿದ. ಒಂದು ದೀಪಾವಳಿಗೆ ಅಲ್ಲಿಯ ನೆಂಟರ ಮನೆಯಲ್ಲಿ ಉಳಿದು, ರಾತ್ರಿಯೆಲ್ಲ ಎದ್ದು ಕೂತಿದ್ದನ್ನು ಹೇಳಿದ.

“ಸತ್ತ ಗ್ವಾಡಿ ಒಳಗ ನನಗ ನಿದ್ದಿ ಬರೂದಿಲ್ಲ, ರೇಣುಕಾ. ಮತ್ತ ನಾ ಬಂದ್ರ ಇವಕ್ಕ ಯಾರು ಉಣಿಸ್ತಾರ?”

“ನಿನಗ ಗ್ವಾಡಿನೇ ಬೇಕು.”

“ನೀನೂ ಬೇಕು,” ಎಂದ. ಅದು ಸುಳ್ಳಲ್ಲವೆಂದು ಅವನ ಮುಖ ನೋಡಿದರೆ ತಿಳಿಯುತ್ತಿತ್ತು. ಆದರೂ ಏಳಲಿಲ್ಲ. ಅವಳೂ ಮತ್ತೆ ಕೇಳಲಿಲ್ಲ. ಇಲ್ಲೇ ಬೇರೆ ಬೇರೆ ಮನೆಯಲ್ಲಿದ್ದು ದಿನವೂ ಅವನನ್ನು ನೋಡುತ್ತ ಇರುವುದು ತನ್ನಿಂದಾಗದು ಎಂದು ಆಮೇಲೆ ನನಗೆ ಹೇಳಿದಳು.

ಸೋಮವಾರ ನಸುಕಿನಲ್ಲೇ ಹೊರಟೆವು. ರವಿವಾರಕ್ಕೆ ಬರ್ತೀಯಲ್ಲ ಎಂದು ಅವ್ವ ಕೇಳಿದ್ದಕ್ಕೆ ರೇಣುಕಾ ನೋಡೂಣು ಅಂದಳು. ಬೇವಿನ ಮರದ ಬಳಿ ಟೆಂಪೋ ಬರುವವರೆಗೆ ಅವಳು ರಸ್ತೆಯ ಕಡೆಗೇ ಮುಖ ಮಾಡಿ ನಿಂತಳು. ನಾನು ತಿರುಗಿ ನೋಡಿದೆ. ಗೌತಮ ಕೊಡ ಹಿಡಿದು ಬುನಾದಿಗೆ ನೀರು ಹಾಕುತ್ತಿದ್ದ. ಮೊದಲು ತನ್ನ ತುದಿಗೆ, ಆಮೇಲೆ ನಡೆದು ಹೋಗಿ ಅವಳ ತುದಿಗೆ.

ನೋಡಿದ್ದನ್ನು ಅವಳಿಗೆ ಹೇಳಿದೆ.

“ಎರಡೂ ಕಡೆ ಹಾಕಾಕತ್ತಾನೇನ್ರಿ?” ಎಂದು ಕೇಳಿದಳು.

ಹೌದು ಎಂದೆ. ಅವಳು ತಿರುಗಲಿಲ್ಲ. ಟೆಂಪೋ ಬಂತು. ದಾರಿಯಲ್ಲಿ ಸೆರಗಿನಿಂದ ಎರಡು ಸಲ ಮುಖ ಒರೆಸಿಕೊಂಡಳು. ಟಿಕೋಟಾದಲ್ಲಿ ವಿಜಯಪುರದ ಬಸ್ಸು ನಿಂತಿತ್ತು. ನನಗಿಂತ ಮೊದಲು ಅವಳೇ ಹತ್ತಿ, ನನಗೊಂದು ಜಾಗ ಹಿಡಿದಳು.