ಹಿತ್ತಾಳೆ ತಟ್ಟೆಯ ಹಿಂದಿನ ಮುಖ

ನಮ್ಮ ಕಾಡುಗೋಡಿಯ ಸ್ಟುಡಿಯೋದಲ್ಲಿ ಕೂತು ಕೂತು ನುಣುಪಾದ ಒಂದು ಮರದ ಸ್ಟೂಲಿತ್ತು. ಊರಿನ ಅರ್ಧ ಜನ ಅದರ ಮೇಲೆ ಮನುಷ್ಯರಾಗಿ ಕೂತು, ಪಾಸ್‌ಪೋರ್ಟ್ ಅಳತೆಯವರಾಗಿ ಎದ್ದುಹೋಗಿದ್ದರು. ಹತ್ತು ವರ್ಷ ಜನರ ಗದ್ದ, ಕಿವಿಗಳನ್ನು ನೇರ ಮಾಡಿಸುತ್ತಿದ್ದ ನಾನು ರಾಕ್ ಸಂಗೀತದ ಛಾಯಾಗ್ರಾಹಕಿಯಾದದ್ದು, ಸ್ನೇಹಿತರೇ, ಪ್ರತಿಭೆಯಿಂದಲ್ಲ. ಬರಬೇಕಾಗಿದ್ದ ಛಾಯಾಗ್ರಾಹಕನಿಗೆ ಜ್ವರ ಬಂದದ್ದರಿಂದ.

ಐಟಿ ಪಾರ್ಕೊಂದರ ಬಯಲಿನಲ್ಲಿ ಒಂದು ರಾಕ್ ತಂಡದ ಸಂಜೆಯ ಕಾರ್ಯಕ್ರಮ. ಹಾಡುಗಾರ ಜಟಾಧಾರಿ, ಮೈಕನ್ನು ನುಂಗುವವನಂತೆ ಗರ್ಜಿಸುತ್ತಿದ್ದ. ಅಭ್ಯಾಸಬಲ ನೋಡಿ, ವೇದಿಕೆಯಂಚಿನಿಂದ ನಾನು ಕೂಗಿಯೇಬಿಟ್ಟೆ: "ಸಾರ್, ಕೂದ್ಲು ಸ್ವಲ್ಪ ಕಿವಿ ಹಿಂದೆ ಹಾಕ್ಕೊಳಿ!" ಪಾಪ, ಆತ ಹಾಕಿಕೊಂಡ. ಆ ಸೌಜನ್ಯದ ಚಿತ್ರ ತಂಡಕ್ಕೆ ಎಷ್ಟು ಹಿಡಿಸಿತೆಂದರೆ, ಅಂದಿನಿಂದ ಅವರ ಎಲ್ಲ ಕಾರ್ಯಕ್ರಮಗಳಿಗೂ ನನಗೇ ಕರೆ. ನನ್ನ ಚಿತ್ರಗಳು ಪತ್ರಿಕೆಗಳಲ್ಲಿ ಬಂದವು. ನಾನೂ ಕಪ್ಪು ಅಂಗಿ ತೊಟ್ಟು ತುಸು ಗಂಭೀರಳಾದೆ.

ಆ ಗಾಂಭೀರ್ಯ ಇಳಿಸಿದವರು ಹೂಡಿಯ ಮುನಿಯಮ್ಮ. ತಂಡದಲ್ಲಿ ಡ್ರಮ್ ಬಾರಿಸುವ ಮಂಜನ ತಾಯಿ. ಒಂದು ಬೆಳಿಗ್ಗೆ ಸ್ಟುಡಿಯೋಗೆ ಬಂದು ಪತ್ರಿಕೆಯ ತುಣುಕುಗಳನ್ನು ಮೇಜಿನ ಮೇಲೆ ಹರಡಿದರು.

"ಇದ್ರಾಗೆ ನನ್ ಮಗ ಎಲ್ಲವ್ನೆ ತೋರ್ಸಮ್ಮ."

ಹುಡುಕಿದೆ. ಎಲ್ಲ ಚಿತ್ರಗಳಲ್ಲೂ ಡ್ರಮ್ಮಿನ ಮೇಲಿನ ಹಿತ್ತಾಳೆ ತಟ್ಟೆ ಹುಣ್ಣಿಮೆಯಂತೆ ಹೊಳೆಯುತ್ತಿತ್ತು. ಮಂಜನ ಮುಖ ಅದರ ಹಿಂದೆ ಗ್ರಹಣ ಹಿಡಿದಂತೆ ಮಾಯ.

"ಬಡಿಯೋನು ನನ್ ಮಗ ಅಂದ್ರೆ ನಮ್ಮೋರು ನಗ್ತಾರೆ. ಸಾಮಾನು ಹೊರೋಕೆ ಓಯ್ತಾನೆ ಬಿಡು ಅಂತಾರೆ."

"ಒಂದ್ಸಲ ನೀವೇ ಬಂದು ನೋಡಿ, ಅಮ್ಮ."

"ಆ ಸದ್ದಿಗೆ ನನ್ ಎದೆ ತಡೀತದಾ? ನೀನೇ ನೋಡ್ಕೊಂಡು ಬಾ."

ಮುಂದಿನ ಕಾರ್ಯಕ್ರಮದಲ್ಲಿ ಹಾಡುಗಾರನನ್ನು ಅವನ ಕೂದಲಿನ ಪಾಡಿಗೆ ಬಿಟ್ಟು, ತಂತಿಗಳ ನಡುವೆ ತೆವಳಿ ವೇದಿಕೆಯ ಹಿಂಬದಿ ಸೇರಿದೆ. ಮುಂದೆ ನಿಂತವರ ಬೆಳಕನ್ನಷ್ಟೇ ಹಿಡಿದು, ಅದನ್ನೇ ಸಂಗೀತವೆಂದು ನಂಬಿದ್ದೆನಲ್ಲ ಎಂದು ನಾಚಿಕೆಯಾಯಿತು. ಅಲ್ಲಿ ಮಂಜ ಕಣ್ಣು ಮುಚ್ಚಿ, ಬಾಯಿ ತೆರೆದು, ಬೆವರಿನಲ್ಲಿ ತೊಯ್ದು ಬಾರಿಸುತ್ತಿದ್ದ. ಆ ಅಬ್ಬರವನ್ನೆಲ್ಲ ಬೆನ್ನ ಮೇಲೆ ಹೊತ್ತವನೇ ಅವನು. ಕ್ಲಿಕ್ಕಿಸಿದೆ. ಆದರೂ ತಾಯಿ ಗಾಬರಿಯಾದಾರೆಂದು, ಕೊನೆಗೆ ಅವನ ತಲೆ ಬಾಚಿಸಿ, ನಗಿಸಿ, ಇನ್ನೊಂದು ತೆಗೆದೆ.

ಎರಡನ್ನೂ ಮುನಿಯಮ್ಮನ ಮುಂದಿಟ್ಟೆ. ತಲೆ ಬಾಚಿದವನನ್ನು ಅವರು ಪಕ್ಕಕ್ಕೆ ಸರಿಸಿದರು. ಬಾಯಿ ತೆರೆದವನನ್ನು ಬಹಳ ಹೊತ್ತು ನೋಡಿದರು.

"ಹುಟ್ಟಿದಾಗ ಎಷ್ಟೊತ್ತಾದ್ರೂ ಅಳ್ಲೇ ಇಲ್ಲ ಕಣಮ್ಮ ಇವ್ನು. ಸೂಲಗಿತ್ತಿ ಬೆನ್ನಿಗೆ ಎರಡೇಟು ಬಿಟ್ಟ ಮ್ಯಾಕೆ ಇಂಗೇ ಬಾಯ್ ತೆಗ್ದ" ಎನ್ನುತ್ತಾ ಸೆರಗಿನಿಂದ ಚಿತ್ರದೊಳಗಿನ ಮಗನ ಬೆವರನ್ನು ಒರೆಸಿಯೂಬಿಟ್ಟರು. "ಇದನ್ನೇ ದೊಡ್ಡದು ಮಾಡ್ಕೊಡು. ಆ ನಗೋನು ಯಾರ್ ಮಗನಾದ್ರೂ ಆಗ್ಬೋದು."