ಆಶಾ ತೆಗೆದ ಹಲ್ಲಿನ ಅಚ್ಚುಗಳು

ಅರಳಸುರಳಿಯ ಶಿವರಾಮನ ಮಗಳು ಆಶಾ ಧಾರವಾಡದಲ್ಲಿ ಏನು ಓದುತ್ತಿದ್ದಾಳೆ ಎಂದು ಯಾರಾದರೂ ಕೇಳಿದರೆ, ಅವಳ ಅಮ್ಮ ಸರೋಜ "ಹಲ್ಲಿಂದು" ಎಂದಷ್ಟೇ ಹೇಳಿ ಮಾತು ಮುಗಿಸುತ್ತಿದ್ದಳು. ಕೇಳಿದವರು ಹಲ್ಲಿನ ಡಾಕ್ಟರು ಎಂದುಕೊಂಡು ತಮ್ಮ ಹುಳುಕು ಹಲ್ಲಿನ ಕಥೆ ತೆಗೆಯುತ್ತಿದ್ದರು. ಸರೋಜ ತಿದ್ದಲು ಹೋಗುತ್ತಿರಲಿಲ್ಲ. ಮನುಷ್ಯರ ಹಲ್ಲನ್ನೂ ಮಂಗನ ಹಲ್ಲನ್ನೂ ಅಕ್ಕಪಕ್ಕ ಇಟ್ಟುಕೊಂಡು ಅಳೆಯುವುದೇ ಮಗಳ ಓದು ಎಂದು ಬಾಯಿಬಿಟ್ಟರೆ, ಹೆಣ್ಣು ನೋಡಲು ಬರುವವರೂ ಹಾದಿ ಬದಲಿಸಿಯಾರು ಎಂಬ ಭಯ ಅವಳಿಗೆ.

ಆಶಾ ಹಾಗಲ್ಲ. ಯಾರು ಕೇಳಿದರೂ ಇದ್ದದ್ದನ್ನು ಇದ್ದ ಹಾಗೆ ಹೇಳುವವಳು. ಏಳನೇ ಕ್ಲಾಸಿನಲ್ಲಿದ್ದಾಗ ಹಳ್ಳದ ಮರಳಿನಲ್ಲಿ ಅವಳಿಗೆ ಒಂದು ಮಂಗನ ತಲೆಬುರುಡೆ ಸಿಕ್ಕಿತ್ತು. ಎಣಿಸಿದರೆ ಹಲ್ಲು ಮೂವತ್ತೆರಡು. ಅಪ್ಪನ ಬಾಯಿ ತೆಗೆಸಿ ಎಣಿಸಿದಳು, ಅಲ್ಲೂ ಮೂವತ್ತೆರಡು. ಬುರುಡೆಯನ್ನು ಶಾಲೆಗೆ ಒಯ್ದಾಗ ಮೇಷ್ಟ್ರು ಮೂಗು ಮುಚ್ಚಿಕೊಂಡು ಬಿಸಾಡು ಎಂದರು. ಅವಳು ಬಿಸಾಡಲಿಲ್ಲ. ಚೀಲಕ್ಕೆ ಹಾಕಿಕೊಂಡು ಬಂದು ಕೊಟ್ಟಿಗೆಯ ಅಟ್ಟದ ಮೇಲಿಟ್ಟಳು. ತೀರ್ಥಹಳ್ಳಿಯಲ್ಲಿ ಬಿಎಸ್ಸಿ ಮುಗಿಸಿ, ಧಾರವಾಡದಲ್ಲಿ ಮಾನವಶಾಸ್ತ್ರ ಓದಿ, ಈಗ ಸಂಶೋಧನೆಗೆಂದು ಮತ್ತೆ ಊರಿಗೇ ಬಂದಿದ್ದಳು.

ಅವಳು ಹಿಡಿದ ವಿಷಯ ಅಡಿಕೆ. ತೋಟಕ್ಕೆ ನುಗ್ಗುವ ಮಂಗಗಳು ಎಳೆ ಅಡಿಕೆ ಕಚ್ಚಿ ಚೀಪುತ್ತವೆ. ಕಾಡಿನ ಒಳಗೇ ಇರುವ ಮಂಗಗಳಿಗೆ ಆ ಚಟವಿಲ್ಲ. ಮನುಷ್ಯರಲ್ಲೂ ಜಗಿಯುವವರಿದ್ದಾರೆ, ಜಗಿಯದವರಿದ್ದಾರೆ. ಯಾರ ಹಲ್ಲು ಎಲ್ಲಿ ಸವೆಯುತ್ತದೆ, ಹೇಗೆ ಸವೆಯುತ್ತದೆ ಎಂದು ನೋಡಬೇಕಿತ್ತು. ಅರಣ್ಯ ಇಲಾಖೆಯ ಅನುಮತಿ ಪಡೆದು, ಎಂದೋ ಸತ್ತು ಒಣಗಿದ ಮಂಗಗಳ ಬುರುಡೆಗಳನ್ನಷ್ಟೇ ಕೈಗವಸು ತೊಟ್ಟು ತರುತ್ತಿದ್ದಳು. ಮಂಗನ ಕಾಯಿಲೆ ಕಂಡ ಸೀಮೆ. ಹಸಿ ಹೆಣದ ಹತ್ತಿರ ಅವಳು ಸುಳಿಯುತ್ತಿರಲಿಲ್ಲ. ಮನುಷ್ಯರದ್ದಾದರೆ ಅಚ್ಚು. ಗುಲಾಬಿ ಬಣ್ಣದ ಹಿಟ್ಟನ್ನು ನೀರಿನಲ್ಲಿ ಕಲಸಿ, ಪುಟ್ಟ ತಟ್ಟೆಯಲ್ಲಿ ತುಂಬಿ ಬಾಯಿಗಿಡುವುದು. ಗಟ್ಟಿಯಾದ ಮೇಲೆ ತೆಗೆದು ಅದರೊಳಗೆ ಪ್ಲಾಸ್ಟರ್ ಹೊಯ್ಯುವುದು. ಮೊದಲ ಅಚ್ಚನ್ನು ಅವಳು ತನ್ನ ಹಲ್ಲಿನದೇ ತೆಗೆದುಕೊಂಡಿದ್ದಳು.

ಎರಡನೆಯದು ದೊಡ್ಡಪ್ಪ ಭೂತಪ್ಪನದು. ಎಪ್ಪತ್ತು ದಾಟಿದ ಆಸಾಮಿ. ಬಾಯಲ್ಲಿ ಎಲೆ ಅಡಿಕೆ ಇಲ್ಲದಿದ್ದರೆ ನಿದ್ದೆಯಲ್ಲಿದ್ದಾನೆ ಎಂದೇ ಅರ್ಥ. ಪ್ರಾಯದಲ್ಲಿ ಹಲಸಿನ ಮರದಿಂದ ಬಿದ್ದು ಎದುರಿನ ಹಲ್ಲೊಂದು ಓರೆಯಾಗಿ ಮುರಿದಿತ್ತು.

"ಎಂತ ಮಾಡ್ತೀಯೇ ಇದನ್ನ?" ಎಂದು ಕೇಳಿದ್ದ.

"ಮಂಗನ ಹಲ್ಲಿನ ಜತೆ ಇಟ್ಟು ನೋಡ್ತೀನಿ ದೊಡ್ಡಪ್ಪ. ಅಡಿಕೆಯಿಂದ ಎಲ್ಲಿ ಸವೆದಿದೆ ಅಂತ."

"ಅದು ಎಳೇದು ಚೀಪ್ತದೆ, ನಾವು ಒಣಗ್ಸಿ ಜಗಿತೀವಿ. ಅಷ್ಟೇ ವ್ಯತ್ಯಾಸ" ಎಂದು ನಕ್ಕು ಬಾಯಿ ತೆಗೆದಿದ್ದ.

ಎಡವಟ್ಟಾದದ್ದು ಅಡಿಕೆಗೆ ಔಷಧಿ ಹೊಡೆಯುವ ಕಾಲದಲ್ಲಿ. ಶಿವರಾಮ ಆ ಕೆಲಸದ ಒಂದು ತಂಡ ಕಟ್ಟಿಕೊಂಡಿದ್ದ. ಭಟ್ಟರ ಮನೆಯ ಪ್ರದೀಪ ದಿನ ಗೊತ್ತುಮಾಡಲು ಬಂದ. ಆಶಾಳ ಸಹಪಾಠಿ ಅವನು. ಭೂಸುಧಾರಣೆಗೆ ಮೊದಲು ಆಶಾಳ ಅಜ್ಜ ಅವರದೇ ಗದ್ದೆಯಲ್ಲಿ ಗೇಣಿಗಿದ್ದ. ಶಿವರಾಮ ಒಳಗೆ ಹೋಗಿದ್ದಾಗ ಪ್ರದೀಪ ಜಗಲಿಯ ಮೇಜಿನ ಮೇಲಿದ್ದ ಮಂಗನ ಬುರುಡೆ ಮತ್ತು ಹಲ್ಲಿನ ಅಚ್ಚುಗಳ ಫೋಟೋ ತೆಗೆದುಕೊಂಡ. ಸಂಜೆ ಊರಿನ ವಾಟ್ಸಾಪ್ ಗ್ರೂಪಿನಲ್ಲಿ ಅದು ಬಂತು. ಕೆಳಗೆ "ಶಿವರಾಮನ ಮನೆಯ ಕುಟುಂಬದ ಫೋಟೋ" ಎಂದು ಬರೆದು ನಗುವ ಮುಖಗಳನ್ನು ಸಾಲಾಗಿ ಹಾಕಿದ್ದ.

ಅಚ್ಚುಗಳ ಮೇಲೆ ಆಶಾ ಯಾರ ಹೆಸರನ್ನೂ ಬರೆದಿರಲಿಲ್ಲ. ಆದರೆ ಆ ಮುರಿದ ಹಲ್ಲು ಯಾರದೆಂದು ಊರಿಗೆಲ್ಲ ಗೊತ್ತು. ಕೋಣಂದೂರಿನ ಸಂತೆಯಲ್ಲಿ ಭೂತಪ್ಪ ಚಹಾ ಕುಡಿಯಲು ಕೂತರೆ ಪಕ್ಕದ ಬೆಂಚಿನವರು "ಎಲ್ಲಿ, ಹಲ್ಲು ತೋರ್ಸಿ ನೋಡಾಣ" ಎಂದು ಕಾಡಿದರು. ಯಾರೋ ಬಾಳೆಹಣ್ಣು ತಂದು ಮುಂದಿಟ್ಟರು. ಅವನು ಚಹಾ ಬಿಟ್ಟು ಎದ್ದು ನೇರ ತಮ್ಮನ ಮನೆಗೆ ಬಂದ.

"ನನ್ನ ಹಲ್ಲು ವಾಪಸ್ ಕೊಡು" ಎಂದ.

ಆಶಾ ಕುರ್ಚಿ ಎಳೆದುಕೊಟ್ಟಳು. ಅವನು ಕೂರಲಿಲ್ಲ.

"ಕೊಡ್ತೀನಿ ದೊಡ್ಡಪ್ಪ. ನಿಮ್ಮ ಹಲ್ಲು, ನಿಮ್ಮ ಮಾತು. ನಾಳೆ ಸಂಜೆ ತನಕ ತಡೀರಿ."

ಭೂತಪ್ಪ ಹೋದ ಮೇಲೆ ಶಿವರಾಮ ಬಾಯಿ ತೆಗೆದ. "ಭಟ್ರ ತೋಟದ ಕೆಲ್ಸ ನಮ್ಮ ಕೈಲಿದೆ. ಹುಡುಗ ಏನೋ ಹುಡುಗಾಟಕ್ಕೆ ಮಾಡಿದ. ನೀನು ಈ ಮೂಳೆಗೀಳೆ ಕಟ್ಕಂಡು ಧಾರವಾಡಕ್ಕೆ ಹೋಗು, ಎಲ್ಲ ತಣ್ಣಗಾಗ್ತದೆ."

"ಹೋಗಲ್ಲ."

"ಹಟ ಮಾಡಬ್ಯಾಡ."

"ಅಜ್ಜ ಅವರಂಗಳದಲ್ಲಿ ಹಲ್ಲುಗಿಂಜಿ ನಿಂತಿದ್ದು ಸಾಕಪ್ಪ" ಎಂದಳು ಆಶಾ. "ನಾನು ಗಿಂಜಲ್ಲ. ಈ ಕೆಲ್ಸ ಬಚ್ಚಿಟ್ಕಂಡು ಮಾಡೋದೂ ಇಲ್ಲ."

ಅವಳ ತಲೆಯಲ್ಲಿ ಇನ್ನೊಂದು ವಿಚಾರವೂ ಕೊರೆಯುತ್ತಿತ್ತು. ಇಷ್ಟು ದಿನ ತೆಗೆದ ಅಚ್ಚುಗಳೆಲ್ಲ ತಮ್ಮ ಕೇರಿಯವರದೇ. ತೋಟದ ಮನೆಗಳ ಮೆಟ್ಟಿಲು ಹತ್ತಿ "ಬಾಯಿ ತೆಗೀರಿ" ಎನ್ನಲು ಅವಳಿಗೂ ನಾಲಗೆ ಏಳುತ್ತಿರಲಿಲ್ಲ. ಶಾಸ್ತ್ರದ ಲೆಕ್ಕದಲ್ಲೂ ಅದು ಕುಂದೇ. ಅಡಿಕೆ ಜಗಿಯುವ ಊರಿನಲ್ಲಿ ಅಡಿಕೆ ಬೆಳೆದವರ ಹಲ್ಲೇ ಇಲ್ಲವೆಂದರೆ ಹೇಗೆ?

ಮರುದಿನ ಬೆಳಿಗ್ಗೆ ಹಿಟ್ಟು, ತಟ್ಟೆ, ಪ್ಲಾಸ್ಟರ್ ಎಲ್ಲ ಚೀಲಕ್ಕೆ ತುಂಬಿಕೊಂಡು ಭಟ್ಟರ ಮನೆಗೆ ಹೋದಳು. ಪ್ರದೀಪ ಜಗಲಿಯಲ್ಲಿ ಮೊಬೈಲು ಹಿಡಿದು ಕೂತಿದ್ದ. ಅವಳನ್ನು ಕಂಡು ತುಸು ಮುದುಡಿದ.

"ತಮಾಷೆಗೆ ಹಾಕಿದ್ದು ಮಾರಾಯ್ತಿ. ಅದನ್ನೇ ದೊಡ್ಡದು ಮಾಡ್ಬೇಡ."

"ನಾನೂ ತಮಾಷೆಗೇ ಬಂದಿದೀನಿ. ಕೂತ್ಕೊ, ಬಾಯಿ ತೆಗಿ. ಕುಟುಂಬದ ಫೋಟೋದಲ್ಲಿ ನೀನೊಬ್ಬ ಇಲ್ಲ."

ಪ್ರದೀಪನ ಮುಖ ಕೆಂಪಾಯಿತು. "ನಮ್ಮನೆಯವರದ್ದು ಎಂತಕ್ಕೆ ನಿನಗೆ?"

"ಅಡಿಕೆ ಜಗಿಯೋರದ್ದು ಬೇಕು. ನಿಮ್ಮನೇಲಿ ಕವಳದ ತಟ್ಟೆ ಖಾಲಿ ಇದ್ದದ್ದು ನಾನಂತೂ ನೋಡಿಲ್ಲ. ಮಂಗನ ಪಕ್ಕ ನಾನಿದೀನಿ, ನಮ್ಮ ದೊಡ್ಡಪ್ಪ ಇದಾರೆ. ನೀನೂ ಬಾ. ಆಮೇಲೆ ಬೇಕಾದಷ್ಟು ಫೋಟೋ ತೆಗಿ."

ಮಾತು ಕೇಳಿ ಪ್ರದೀಪನ ತಾಯಿ ವಾಗ್ದೇವಿ ಒಳಗಿನಿಂದ ಬಂದರು. ಯಾವ ಫೋಟೋ ಎಂದು ಕೇಳಿದರು. ಮಗ ತೋರಿಸಲಿಲ್ಲ; ಆಶಾ ತನ್ನ ಮೊಬೈಲಿನಲ್ಲಿ ತೋರಿಸಿದಳು. ಅವರು ಕನ್ನಡಕ ಸರಿಮಾಡಿಕೊಂಡು, ಕೆಳಗೆ ಬರೆದದ್ದನ್ನು ಓದಿ, ಮಗನ ಕಡೆ ತಿರುಗಿದರು.

"ಎಂತ ಕೆಲ್ಸ ಮಾಡಿದ್ದೆ ನೀನು? ಬೇರೆಯವರ ಬಾಯಿ ಊರಿಗೆಲ್ಲ ತೋರ್ಸಕ್ಕೆ ಧೈರ್ಯ ಇದ್ದು, ನಿನ್ನ ಬಾಯಿ ತೆಗೆಯಕ್ಕೆ ಇಲ್ಲೆ."

ಬಾಯಲ್ಲಿದ್ದ ಎಲೆ ಅಡಿಕೆಯ ಕವಳ ಉಗಿದು, ಮುಕ್ಕಳಿಸಿ ಬಂದು ಕುರ್ಚಿಯಲ್ಲಿ ಕೂತರು. "ಎಲ್ಲಿ ಇಡ್ತೀಯೋ ಇಡು ಆಶಾ."

ಆಶಾಳ ಅಜ್ಜಿಗೆ ಈ ಮನೆಯಲ್ಲಿ ನೀರು ಬೇಕಾದರೆ ಅಂಗಳದಲ್ಲಿ ಬೊಗಸೆ ಒಡ್ಡಬೇಕಿತ್ತು, ಮೇಲಿನಿಂದ ಹೊಯ್ಯುತ್ತಿದ್ದರು. ಅದೇ ಮನೆಯ ಜಗಲಿಯಲ್ಲಿ ನಿಂತು ಆಶಾ ವಾಗ್ದೇವಿಯವರ ಕೆನ್ನೆ ಬೆರಳಿನಿಂದ ಎಳೆದು ತಟ್ಟೆಯನ್ನು ದವಡೆಗೆ ಒತ್ತಿದಳು. ಹಿಟ್ಟು ಗಟ್ಟಿಯಾಗುವ ತನಕ ಗದ್ದ ಹಿಡಿದುಕೊಂಡೇ ಇದ್ದಳು. ಪ್ರದೀಪ ಕಂಬ ನೋಡುತ್ತ ನಿಂತಿದ್ದ.

"ಪೆಪ್ಪರ್‌ಮೆಂಟ್ ರುಚಿ" ಎಂದರು ವಾಗ್ದೇವಿ, ಬಾಯಿ ಒರೆಸಿಕೊಳ್ಳುತ್ತ.

"ಇನ್ನು ನೀನು" ಎಂದಳು ಆಶಾ. ಪ್ರದೀಪ ಒಳಗೆ ಹೋದ. ಅವನು ಅವತ್ತೂ ಕೂರಲಿಲ್ಲ, ಆಮೇಲೂ ಕೂರಲಿಲ್ಲ. ಗ್ರೂಪಿನಿಂದ ಫೋಟೋ ಮಾಯವಾಯಿತು. ತಪ್ಪಾಯಿತು ಎಂಬ ಮಾತು ಬರಲಿಲ್ಲ. ಆ ವರ್ಷ ಭಟ್ಟರ ತೋಟಕ್ಕೆ ಔಷಧಿ ಹೊಡೆಯಲು ಬೇರೆ ತಂಡ ಬಂತು. ಶಿವರಾಮ ಒಂದು ವಾರ ಮಗಳ ಹತ್ತಿರ ಮಾತಾಡಲಿಲ್ಲ. ಆಮೇಲೆ ಒಂದು ದಿನ ಬುರುಡೆ ಇಡಲು ಅವಳ ಮೇಜಿಗೆ ತಾನೇ ಒಂದು ಹಲಗೆ ಹೆಚ್ಚಿಗೆ ಹೊಡೆದುಕೊಟ್ಟ.

ಆಶಾ ಭಟ್ಟರ ಮನೆಗೆ ಹೋಗಿ ಬಂದ ದಿನವೇ ಸಂಜೆ, ಹೇಳಿದ ಹಾಗೆ ಭೂತಪ್ಪ ಬಂದಿದ್ದ. ಆಶಾ ಅವನ ಅಚ್ಚನ್ನು ಕೈಯಲ್ಲಿಟ್ಟಳು. ಮೇಜಿನ ಮೇಲಿನ ಹೊಸ ಅಚ್ಚಿನ ಮೇಲೆ ಅವನ ಕಣ್ಣು ಬಿತ್ತು.

"ಇದು ಯಾರದ್ದು?"

"ಹೇಳಲ್ಲ. ನಿಮ್ಮದು ಅಂತಲೂ ನಾನು ಯಾರಿಗೂ ಹೇಳಿರಲಿಲ್ಲ."

ಅವನು ಬಗ್ಗಿ ನೋಡಿದ. ತನ್ನದನ್ನು ಅದರ ಪಕ್ಕ ಹಿಡಿದ. ಮಂಗನ ಬುರುಡೆಯನ್ನೂ ಎಳೆದುಕೊಂಡ. "ಇವ್ರು ಯಾರೋ ನನ್ನಕಿಂತ ಜಾಸ್ತಿ ಜಗಿದಾರಲ್ಲೇ" ಎಂದ. ತನ್ನ ಹಲ್ಲನ್ನು ಟವೆಲಿನಲ್ಲಿ ಸುತ್ತಿಕೊಂಡು ಹೋದ. ಆಶಾ ತಡೆಯಲಿಲ್ಲ. ಒಂದು ಒಳ್ಳೆಯ ಮಾದರಿ ಹೋಯಿತಲ್ಲ ಎಂದುಕೊಂಡು ಪಟ್ಟಿಯಲ್ಲಿ ಅದರ ಸಾಲನ್ನು ಹೊಡೆದುಹಾಕಿದಳು.

ಮುಂದಿನ ಸಂತೆಗೆ ಭೂತಪ್ಪ ಅದೇ ಚಹಾ ಅಂಗಡಿಗೆ ಹೋಗಿ, ಅದೇ ಬೆಂಚಿನ ಮೇಲೆ ಕೂತು, ಟವೆಲು ಬಿಚ್ಚಿ ಅಚ್ಚನ್ನು ಎಲ್ಲರ ನಡುವೆ ಇಟ್ಟನಂತೆ. "ಫೋಟೋ ಎಂತಕ್ಕೆ, ಇಲ್ಲೇ ಇದೆ ನೋಡ್ಕಳಿ. ನಮ್ಮಪ್ಪ ಒಡೇರ ಮುಂದೆ ನಗಬೇಕಾದ್ರೆ ಬಾಯಿಗೆ ಕೈ ಅಡ್ಡ ಹಿಡೀತಿದ್ದ. ನಾನು ಹಿಡಿಯಲ್ಲ" ಎಂದನಂತೆ. ಬಾಳೆಹಣ್ಣು ಇಟ್ಟವನೇ ಚಹಾ ಹೇಳಿದನಂತೆ. ಸಂತೆಯಿಂದ ಬಂದವನು ಆಶಾಳ ಮುಂದೆ ಕೂತು, "ನಿಂಗೆ ಇನ್ನೊಂದು ತಗ. ಇದು ನನ್ಗಿರಲಿ" ಎಂದ.

ಈಗ ಅವಳ ಸ್ಕೂಟಿ ಹೊಸನಗರ, ಸಾಗರದ ಊರುಗಳನ್ನೂ ಸುತ್ತುತ್ತಿದೆ. ಹೋದ ತಿಂಗಳು ಲಿಂಗನಮಕ್ಕಿಯ ಹಿನ್ನೀರಿನ ದಂಡೆಯ ಒಂದು ಮನೆಗೆ ಹೋದರೆ ಸುದ್ದಿ ಅವಳಿಗಿಂತ ಮೊದಲೇ ತಲುಪಿತ್ತು. ಮನೆಯೊಡತಿ ಹೂವಮ್ಮ ಬಾಗಿಲಿಗೆ ಅಡ್ಡ ನಿಂತು, "ಜನರ ಹಲ್ಲು ತಗಂಡು ಮಂಗನ ಜತೆ ಇಡೋಳು ನೀನೇ ಅಲ್ವಾ?" ಎಂದು ಕೇಳಿದಳು.

"ಹೌದಮ್ಮ, ನಾನೇ. ನನ್ನ ಹಲ್ಲೂ ಅಲ್ಲೇ ಇದೆ" ಎಂದಳು ಆಶಾ, ಚೀಲ ಕೆಳಗಿಟ್ಟು. "ಬೇಡ ಅಂದ್ರೆ ಹೋಗ್ತೀನಿ. ಬೇಕು ಅಂದ್ರೆ ಬಾಯಿ ತೊಳ್ಕಂಡು ಬನ್ನಿ."

ಹೂವಮ್ಮ ಅವಳನ್ನು ಮೇಲಿನಿಂದ ಕೆಳಗೆ ನೋಡಿದಳು. ಆಮೇಲೆ ಅಂಗಳದ ಬದಿಗೆ ಹೋಗಿ ಎಲೆ ಅಡಿಕೆ ಉಗಿದು ಬಂದಳು.