ಲೆಕ್ಕದಕ್ಕ ಬಿಟ್ಟ ಸಂದು

ವರ್ಕ್‌ಶಾಪಿನಲ್ಲಿ ಅವಳನ್ನು ಎಲ್ಲರೂ ಕರೆಯುತ್ತಿದ್ದುದು ಲೆಕ್ಕದಕ್ಕ ಎಂದೇ. ಹೈಡ್ರಾಲಿಕ್ ಜಾಕಿ ರಿಪೇರಿ ಅವಳ ಕಸುಬು, ಇಪ್ಪತ್ತೆರಡು ವರ್ಷದ್ದು. ಸೀಮೆಸುಣ್ಣದಲ್ಲಿ ಲೆಕ್ಕ ಬರೆಯದೆ ಒಂದು ಬೋಲ್ಟನ್ನೂ ಸಡಿಲಿಸುವವಳಲ್ಲ. "ಜಾಕಿಗೂ ಭಾರಕ್ಕೂ ಮಧ್ಯೆ ಸಂದು ಬಿಟ್ರೆ ಗಾಳಿ ಎತ್ತಿದ ಹಾಗೇ ಕಣ್ರಯ್ಯಾ!" ಎಂದು ಬೈದು ಬೈದು ಗಂಟಲೇ ಒರಟಾಗಿತ್ತು. ಫಿಟ್ಟರ್ ಬೆನ್ನ ಹಿಂದೆ ಅಣಕಿಸುತ್ತಿದ್ದ. ಅಣಕಿಸಲಿ ಬಿಡಿ, ಸಂದು ಮಾತ್ರ ಅವನೂ ಬಿಡುತ್ತಿರಲಿಲ್ಲ.

ಅಂದು ಮಧ್ಯಾಹ್ನ ಹಳೇ ಪ್ರೆಸ್ ಯಂತ್ರವನ್ನು ಸರಿಸುವಾಗ ಅದು ವಾಲಿಬಿತ್ತು. ಅಡಿಯಲ್ಲಿ ಸಿಕ್ಕಿದ್ದು ಅವಳ ತಮ್ಮನ ತೊಡೆ. ಐದು ಟನ್ ಪೂರ್ತಿ ಮೈಮೇಲೆ ಬೀಳದಂತೆ ಒಂದು ಮರದ ದಿಮ್ಮಿ ತಡೆದಿತ್ತು, ಅದೂ ಪಟಪಟನೆ ಸೀಳುತ್ತಿತ್ತು. ಕ್ರೇನ್ ಬರಲು ಒಂದು ಗಂಟೆಯಂತೆ. ಒಂದು ಗಂಟೆ! ದಿಮ್ಮಿ ಕಾಲು ಗಂಟೆ ನಿಂತರೆ ಹೆಚ್ಚು.

ಕೆಲಸಕ್ಕೆ ಬರುವಂತೆ ಇದ್ದದ್ದು ಒಂದೇ ಜಾಕಿ, ಅದಕ್ಕೆ ಎಣ್ಣೆ ತಳ್ಳುವ ಒಂದು ಕೈಪಂಪು. ಅವಳು ಜಾಕಿಯನ್ನು ಯಂತ್ರದಡಿ ತುರುಕಿ, ನೆಲದ ಮೇಲೇ ಬರೆದಳು. ಪಿಸ್ಟನ್ನಿನ ಮುಖ ಎಂಬತ್ತು ಚದರ ಸೆಂಟಿಮೀಟರ್, ಎತ್ತಬೇಕಾದದ್ದು ಹತ್ತು ಸೆಂಟಿಮೀಟರ್. ಎಣ್ಣೆ ಎಂಟುನೂರು ಎಂಎಲ್ ಬೇಕು. ಪಂಪಿನ ಟ್ಯಾಂಕಿನಲ್ಲಿ ಅದಕ್ಕಿಂತ ಒಂದು ಗುಟುಕು ಹೆಚ್ಚೇ ಇತ್ತು. ಐದು ಸಾವಿರ ಕೆಜಿಯನ್ನು ಅಷ್ಟು ಎತ್ತುವುದೆಂದರೆ ಐನೂರು ಕೆಜಿಯನ್ನು ಒಂದು ಮೀಟರ್ ಎತ್ತುವಷ್ಟು ಕೆಲಸ. ಪಂಪಿನ ಹಿಡಿಯನ್ನು ಒಂದು ಸಲ ಒತ್ತಿದರೆ ನಾಲ್ಕು ಎಂಎಲ್ ಹೋಗುತ್ತದೆ, ಅಂದರೆ ಎರಡೂವರೆ ಕೆಜಿಯನ್ನು ಒಂದು ಮೀಟರ್ ಎತ್ತಿದಷ್ಟು. ಒಟ್ಟು ಇನ್ನೂರು ಸಲ.

"ಇನ್ನೂರೇ ಕಣೋ, ತಡ್ಕೋ."

"ಬೇಗ ಅಕ್ಕಾ, ಆಗ್ತಿಲ್ಲ..."

ಮೊದಮೊದಲು ಹಿಡಿ ಹೂವಿನಷ್ಟು ಹಗುರವಿತ್ತು. ದೇವರು ಕಣ್ಣು ಬಿಟ್ಟ ಅಂದುಕೊಂಡಳು. ಅರವತ್ತಕ್ಕೆ ಬಿಗಿಯಾಯಿತು. ನೂರೈವತ್ತಕ್ಕೆ ತೋಳು ಕಳಚಿ ಬೀಳುವಂತಾಗಿ ಫಿಟ್ಟರ್ ಕೂಡ ಕೈಹಾಕಿದ. ಇನ್ನೂರಾಯಿತು, ತೊಡೆ ಬಿಡುಗಡೆಯಾಗಲಿಲ್ಲ. ಇನ್ನೂರಹತ್ತಕ್ಕೆ ಹಿಡಿ ಜೋತುಬಿತ್ತು. ಎಣ್ಣೆ ಖಾಲಿ, ವರ್ಕ್‌ಶಾಪಿನ ಡಬ್ಬದಲ್ಲೂ ಇರಲಿಲ್ಲ.

ಆಗ ಅವಳಿಗೆ ಹೊಳೆಯಿತು. ಅವಸರದಲ್ಲಿ ಪಿಸ್ಟನ್ನಿಗೂ ಯಂತ್ರಕ್ಕೂ ನಡುವೆ ಎರಡು ಬೆರಳು ಸಂದು ಬಿಟ್ಟಿದ್ದಳು. ಮೊದಲ ಅರವತ್ತು ಸಲ ಎತ್ತಿದ್ದು ಬರೀ ಗಾಳಿ. ಊರಿಗೆಲ್ಲ ಬುದ್ಧಿ ಹೇಳಿದವಳು!

"ನಾನೇ ಕೊಂದೆ ಕಣ್ರೋ, ನನ್ನ ತಮ್ಮನ್ನ ನಾನೇ ಕೊಂದೆ!" ಎಂದು ಹಣೆ ಚಚ್ಚಿಕೊಂಡಳು.

"ಅಕ್ಕಾ, ಎಣ್ಣೆ ತರ್ಲಾ?" ಎಂದ ಫಿಟ್ಟರ್.

"ಅಂಗಡಿಗೆ ಹೋಗಿ ಬರೋ ಹೊತ್ತಿಗೆ ಇವನು ಇರ್ತಾನೇನೋ?"

ಜಾಕಿಯಲ್ಲಿ ಎಣ್ಣೆ ತಡೆಯುವ ಸೀಲು ಸೋರತೊಡಗಿತ್ತು. ಯಂತ್ರ ಕೂದಲೆಳೆಯಷ್ಟು ಕೆಳಗಿಳಿಯಿತು. ತಮ್ಮನ ಕಿರುಚಾಟ ನಿಂತುಹೋಯಿತು, ಅದು ಕಿರುಚಿದ್ದಕ್ಕಿಂತ ಘೋರವಾಗಿತ್ತು. ನಲ್ಲಿಯಲ್ಲಿ ನೀರು ನಿಂತು ಎರಡು ದಿನವಾಗಿತ್ತು. ತಮ್ಮ ಕುಡಿಯಲು ಮನೆಯಿಂದ ತಂದಿದ್ದ ಬಾಟಲಿಯಲ್ಲಿ ಅರ್ಧ ಉಳಿದಿತ್ತು. ತುಕ್ಕು ಹಿಡಿಯುತ್ತದೆಂದು, ಪಂಪಿಗೆ ನೀರು ಹಾಕಿದವರ ಕೈ ಕಡಿಯುತ್ತೇನೆ ಎನ್ನುತ್ತಿದ್ದವಳು ಅದನ್ನು ಕೊನೆಯ ಹನಿಯವರೆಗೂ ಟ್ಯಾಂಕಿಗೆ ಸುರಿದಳು. ಮತ್ತೆ ಒತ್ತಿದಳು. ಐವತ್ತು, ಐವತ್ತೈದು. ಯಂತ್ರ ಮೇಲೆದ್ದಿತು. ಫಿಟ್ಟರ್ ತಮ್ಮನ ಕಂಕುಳಿಗೆ ಕೈಹಾಕಿ ಎಳೆದುಕೊಂಡ.

ಕಾಲು ನೋಡುವ ಹಾಗಿರಲಿಲ್ಲ. ಮುಖ ಬೂದಿಬಣ್ಣಕ್ಕೆ ತಿರುಗಿತ್ತು. ಅವಳು ಅವನ ತಲೆಯನ್ನು ತನ್ನ ತೊಡೆಯ ಮೇಲಿಟ್ಟುಕೊಂಡು ಕೆನ್ನೆ ತಟ್ಟಿದಳು. ತುಂಬ ಹೊತ್ತಿನ ಮೇಲೆ ಅವನ ತುಟಿ ಅಲುಗಿತು.

"ಅಕ್ಕಾ... ಒಂದು ಗುಟುಕು ನೀರು."

ಅವಳು ಬಾಟಲಿ ಎತ್ತಿ ಅವನ ಬಾಯಿಯ ಮೇಲೆ ಬೋರಲು ಹಿಡಿದಳು. ಒಂದು ಹನಿಯೂ ಬೀಳಲಿಲ್ಲ.